ಸೋಮವಾರದ ಬಂಡಿ

ನೊಗ ಹೊತ್ತ ಎತ್ತಿನ ಕುತ್ತಿಗೆಗೆ ಹುಣ್ಣಾಗುತ್ತದೆ. ನನಗೆ ಭುಜಕ್ಕೆ ಆಗುತ್ತಿತ್ತು. ಎರಡಕ್ಕೂ ಒಂದೇ ಮದ್ದು, ಬಿಳಿಜಾಲಿ ತೊಗಟೆ ನೆನೆಸಿದ ನೀರು. ಆ ನೀರಿನ ಮಡಕೆಯನ್ನು ಬಂಡಿಯ ಕೆಳಗೆ ಕಟ್ಟಿಕೊಂಡು ತಿರುಗುತ್ತಿದ್ದೆ. ಅದೇ ಮಡಕೆ ನನ್ನ ಬಂಡಿಯನ್ನು ಪೊಲೀಸರ ಕೈಗೆ ಹಾಕಿತು.

ಹೆಂಗಸಿನ ಭುಜಕ್ಕೆ ಎತ್ತಿನ ಹುಣ್ಣು ಎಲ್ಲಿಂದ ಬಂತು ಎಂದು ಕೇಳುತ್ತೀರಿ. ಸೇಲಂನ ವಕೀಲನೂ ಕೇಳಿದ. ಹೇಳುತ್ತೇನೆ, ಕೇಳಿ.

ನಮ್ಮೂರು ಕೆಂಗಲ್‌ಪಟ್ಟಿ. ನಮ್ಮ ಮಾದಿಗರ ಹಟ್ಟಿ ಹಳ್ಳದ ಈಚೆ. ಮೊರಪ್ಪೂರು ರೈಲ್ವೆ ಸ್ಟೇಷನ್ನಿಗೆ ಹೋಗುವ ದಾರಿ ಊರಿನ ಆಚೆ. ನಡುವೆ ಊರಬೀದಿ. ಕಾಲ್ನಡಿಗೆಯವರಿಗೆ ಗದ್ದೆಯ ಬದುವಿನ ಮೇಲೆ ಸುತ್ತುದಾರಿ ಇದೆ, ಎತ್ತನ್ನೂ ಹೊಡೆದುಕೊಂಡು ಹೋಗಬಹುದು. ಬಂಡಿ ಮಾತ್ರ ಊರಬೀದಿಯಲ್ಲೇ ಹೋಗಬೇಕು, ಬೇರೆ ದಾರಿ ಇಲ್ಲ. ಊರಿನವರು ಅದಕ್ಕೊಂದು ಕಟ್ಟಳೆ ಮಾಡಿದ್ದರು. ಮಾದಿಗರ ಬಂಡಿ ಬೀದಿಯಲ್ಲಿ ಹೋಗಲಿ, ಆದರೆ ಎತ್ತು ಕಟ್ಟಿಕೊಂಡು ಹೋಗಬಾರದು, ಮೇಲೆ ಕೂತು ಹೋಗಬಾರದು. ಬೀದಿಯ ತಲೆಗಿರುವ ಹುಣಸೆಮರದ ಕೆಳಗೆ ಎತ್ತು ಬಿಚ್ಚಬೇಕು. ನೊಗವನ್ನು ನಾವು ಹೊರಬೇಕು. ಯಾಕೆ ಎಂದು ನನ್ನ ಮಾವ ಒಮ್ಮೆ ಕೇಳಿದರಂತೆ. ಅದೇ ಹುಣಸೆಮರಕ್ಕೆ ಕಟ್ಟಿಹಾಕಿ ಹೊಡೆದರಂತೆ. ಆಮೇಲೆ ಯಾರೂ ಕೇಳಲಿಲ್ಲ.

ನನ್ನ ಗಂಡ ಮಾದಪ್ಪ ಇದ್ದಾಗ ಒಂದು ಕಡೆ ಅವನು, ಒಂದು ಕಡೆ ನಾನು. ಅವನು ಸತ್ತ ಮೇಲೆ ಅವನ ಜಾಗಕ್ಕೆ ಅವನ ತಮ್ಮ ನಾರಪ್ಪ ಬಂದ. ಪಕ್ಕದ ಗುಡಿಸಲಿನ ಚಿನ್ನಕ್ಕ ನಮ್ಮ ಎತ್ತುಗಳನ್ನು ಬದುವಿನ ಮೇಲೆ ಸುತ್ತಿಸಿಕೊಂಡು ಬೀದಿಯ ಆಚೆ ತುದಿಗೆ ತರುತ್ತಿದ್ದಳು. ಮುನ್ನೂರ ಹನ್ನೆರಡು ಹೆಜ್ಜೆ, ಎಣಿಸಿದ್ದೇನೆ. ಬಂಡಿಯ ತುಂಬ ಜಾಲಿ ತೊಗಟೆ. ಊರಿನ ಕಂದಾಯ ಎತ್ತುವ ಮಣಿಯಗಾರ ಮುತ್ತುಸ್ವಾಮಿಯ ಮನೆಯ ಮುಂದೆ ಸಣ್ಣ ಏರು. ಅಲ್ಲಿ ಎದೆ ಒಡೆಯುತ್ತಿತ್ತು. ನಿಂತು ಉಸಿರು ಬಿಡುವ ಹಾಗಿಲ್ಲ, ನಿಂತರೆ ಅವನ ಮನೆಯ ಮುಂದೆ ನಮ್ಮ ನೆರಳು ಬೀಳುತ್ತದೆ. ಅವನು ಜಗಲಿಯ ಮೇಲೆ ಕೂತು ಎಲೆಗೆ ಸುಣ್ಣ ಬಳಿಯುತ್ತ ನೋಡುತ್ತಿದ್ದ. ಹದಿನಾರು ವರ್ಷ ಹಾಗೆ ಎಳೆದಿದ್ದೇನೆ. ಬಸುರಿಯಾಗಿದ್ದಾಗಲೂ ಎಳೆದೆ. ಆ ಮಗು ಉಳಿಯಲಿಲ್ಲ.

ಜಾಲಿ ತೊಗಟೆ ಸುಲಿಯುವುದು ನಮ್ಮ ಕಸುಬು. ಗುಡ್ಡದ ಕೆಳಗೆ ಮರ ಹುಡುಕಿ, ಮಚ್ಚಿನ ಹಿಂಬದಿಯಲ್ಲಿ ಬಡಿದು ಸಡಿಲ ಮಾಡಿ, ಉಗುರು ಕಿತ್ತು ಬರುವ ಹಾಗೆ ಎಳೆಯಬೇಕು. ಸ್ವಲ್ಪ ನಾವು ಚರ್ಮ ಹದ ಮಾಡಲು ಇಟ್ಟುಕೊಳ್ಳುತ್ತೇವೆ, ಮಿಕ್ಕಿದ್ದು ಮೊರಪ್ಪೂರಿನಿಂದ ರೈಲಿನಲ್ಲಿ ವಾಣಿಯಂಬಾಡಿ ಕಡೆಯ ಚರ್ಮದ ಮಂಡಿಗಳಿಗೆ ಹೋಗುತ್ತದೆ. ಆದರೆ ಆ ತೊಗಟೆಗೆ ಇನ್ನೊಂದು ಉಪಯೋಗವೂ ಇದೆ. ಕಳ್ಳಸಾರಾಯಿ ಕಾಯಿಸುವವರು ಅದನ್ನೇ ಬೆಲ್ಲದ ಜೊತೆ ಕೊಳೆಹಾಕುತ್ತಾರೆ.

ಮೂವತ್ತೇಳನೇ ಇಸವಿಯಲ್ಲಿ ಸೇಲಂ ಜಿಲ್ಲೆಗೆಲ್ಲ ಕುಡಿತ ನಿಲ್ಲಿಸುವ ಕಾನೂನು ಬಂತು. ನನಗೆ ಸಂತೋಷವಾಯಿತು, ಸುಳ್ಳು ಯಾಕೆ ಹೇಳಲಿ. ಮಾದಪ್ಪ ಸತ್ತದ್ದು ಕುಡಿದೇ. ಕಾನೂನು ಬಂದ ದಿನ ಹಟ್ಟಿಯ ಹೆಂಗಸರೆಲ್ಲ ಸೇರಿ ಮಾರಿಯಮ್ಮನ ಗುಡಿಯಲ್ಲಿ ದೀಪ ಹಚ್ಚಿದೆವು. ಎಣ್ಣೆ ನನ್ನ ಮನೆಯದು.

ಮೂರು ತಿಂಗಳಿಗೆ ಆ ಕಾನೂನು ನನ್ನನ್ನೇ ಹಿಡಿಯಿತು.

ಮೊರಪ್ಪೂರು ದಾರಿಯ ಮೋರಿಯ ಹತ್ತಿರ ಪೊಲೀಸರು ಬಂಡಿ ನಿಲ್ಲಿಸಿದರು. ಒಬ್ಬ ಏಡು, ಅಂದರೆ ಹೆಡ್ ಕಾನ್‌ಸ್ಟೇಬಲ್ಲು, ಅವನ ಜೊತೆ ಇಬ್ಬರು ಕಾನ್‌ಸ್ಟೇಬಲ್ಲು. ತೊಗಟೆ ಒಣಗಿ ಸುರುಳಿ ಸುತ್ತಬಾರದೆಂದು ನೀರು ಚಿಮುಕಿಸಿ ಗೋಣಿ ಮುಚ್ಚಿದ್ದೆ. ಅದು ಬಿಸಿಲಿಗೆ ಹುಳಿತಿತ್ತು. ಕೆಳಗಿನ ಮಡಕೆಯೂ ಹುಳಿತಿತ್ತು. ಚರ್ಮದ ತೊಟ್ಟಿಯ ಪಕ್ಕದಲ್ಲೇ ಹುಟ್ಟಿ ಬೆಳೆದವರ ಮೂಗಿಗೆ ಅದೊಂದು ವಾಸನೆಯೇ ಅಲ್ಲ. ಏಡು ಮಡಕೆಯ ಬಾಯಿಗೆ ಕಟ್ಟಿದ ಬಟ್ಟೆ ಬಿಚ್ಚಿ, ಮೂಗು ಹಿಡಿದುಕೊಂಡು, ಇದು ಏನು, ಮೂಸಿ ಹೇಳು ಎಂದು ತಮಿಳಿನಲ್ಲಿ ಕೇಳಿದ. ನಾನು ಬಗ್ಗಿ ಮೂಸಿದೆ. ಹದ ಮಾಡುವವರು ತೊಟ್ಟಿಯ ನೀರನ್ನು ಮೂಸಿ ಹೇಳುವ ಮಾತು ಒಂದೇ. ಬಾಯಿಗೆ ಅದೇ ಬಂತು.

"ಚೆಂದಾಗಿ ಉಳಿ ಬಂದೈತೆ ಸಾಮಿ."

ಹೆಮ್ಮೆಯಿಂದ ಹೇಳಿದೆ, ಥೂ ನನ್ನ ಬುದ್ಧಿಗೆ. ಏಡು ನಕ್ಕು ಪುಸ್ತಕ ತೆಗೆದ. ಸಾರಾಯಿಗೆ ಹಾಕಿದ ಕೊಳೆ ಎಂದು ಒಡತಿಯೇ ಒಪ್ಪಿಕೊಂಡಳು ಎಂದು ಬರೆದ. ಇದು ಎತ್ತಿನ ಹುಣ್ಣಿಗೆ ಹಚ್ಚುವ ನೀರು ಎಂದು ನಾರಪ್ಪ ಕೈಮುಗಿದು ಹೇಳಿದ. ನಾನು ಸೆರಗು ಸರಿಸಿ ನನ್ನ ಭುಜವನ್ನೂ ತೋರಿಸಿದೆ. ಕಾನ್‌ಸ್ಟೇಬಲ್ಲುಗಳು ಬೇರೆ ಕಡೆ ನೋಡಿದರು. ಏಡು ನೋಡಿದ, ಆದರೆ ಬರೆಯಲಿಲ್ಲ.

ನನ್ನನ್ನು ಸಂಜೆಗೇ ಬಿಟ್ಟರು. ಬಂಡಿ ಬಿಡಲಿಲ್ಲ. ಮಡಕೆಯ ನೀರನ್ನು ಸೀಸೆಗೆ ತುಂಬಿ ಅರಗು ಒತ್ತಿ ಮದರಾಸಿಗೆ ಕಳಿಸಿದರು. ಅಲ್ಲಿಂದ ವರದಿ ಬರುವ ತನಕ ಬಂಡಿಯೂ ಕರಿಯ, ಬೂದ ಎಂಬ ನನ್ನ ಎರಡು ಎತ್ತುಗಳೂ ಹತ್ತಿರದ ಪಟ್ಟಣದ ಠಾಣೆಯ ಅಂಗಳದಲ್ಲಿ.

ಕೆಳಗಿನ ಕೋರ್ಟಿನಲ್ಲಿ ಬಂಡಿ ಬಿಡಿಸಿಕೊಳ್ಳಲು ಮೂರು ಷರತ್ತು ಹಾಕಿದರು. ಒಂದು, ಅದೇ ಊರಿನಲ್ಲಿ ಪಟ್ಟಾ ಜಮೀನಿರುವ ಇಬ್ಬರು ಜಾಮೀನು ನಿಲ್ಲಬೇಕು. ಎರಡು, ಇವಳು ಒಳ್ಳೆಯವಳು ಎಂದು ಮಣಿಯಗಾರ ಬರೆದುಕೊಡಬೇಕು. ಮೂರು, ಕೇಸು ಮುಗಿಯುವ ತನಕ ಪ್ರತಿ ಸೋಮವಾರ ಒಡತಿ ತಾನೇ ಎತ್ತು ಕಟ್ಟಿದ ಬಂಡಿಯನ್ನು ಮಣಿಯಗಾರನ ಮನೆಯ ಮುಂದೆ ತಂದು ತೋರಿಸಿ ಅವನ ಸಹಿ ಹಾಕಿಸಿಕೊಳ್ಳಬೇಕು. ಈ ಮೂರನೆಯದನ್ನು ಹಾಕಿಸಿದವನೇ ಮುತ್ತುಸ್ವಾಮಿ. ಅವತ್ತು ಕೋರ್ಟಿಗೆ ಬಂದಿದ್ದ. ಈ ಜನ ಬಂಡಿ, ಎತ್ತು ಮಾರಿಕೊಂಡು ಓಡಿಹೋಗುತ್ತಾರೆ, ವಾರಕ್ಕೊಮ್ಮೆ ಎರಡೂ ನನ್ನ ಕಣ್ಣಿಗೆ ಬೀಳಲಿ ಎಂದ. ಎತ್ತು ಕಟ್ಟಿದ ಬಂಡಿ ಎಂದು ಬರೆದುಕೊಂಡವರು ಕೋರ್ಟಿನವರು, ಊರಿನ ಕಟ್ಟಳೆ ಅವರಿಗೆ ಗೊತ್ತಿಲ್ಲ. ನನಗೆ ಗೊತ್ತು ಅವನ ಆಸೆ. ನಾವು ಮೊದಲೆಲ್ಲ ಅವನ ಮನೆ ದಾಟಿ ಹೋಗುತ್ತಿದ್ದೆವು. ಇನ್ನು ವಾರವಾರವೂ ನೊಗ ಹೊತ್ತುಕೊಂಡು ಅವನ ಬಾಗಿಲಿಗೇ ಬಂದು ನಿಲ್ಲಬೇಕು.

ನಮ್ಮ ಹಟ್ಟಿಯಲ್ಲಿ ಯಾರಿಗೆ ಪಟ್ಟಾ ಇದೆ? ಹೆಣ ಹೂಳುವ ಜಾಗಕ್ಕೇ ಪಟ್ಟಾ ಇಲ್ಲ. ಪಟ್ಟಾ ಇರುವವರೆಲ್ಲ ಊರಬೀದಿಯವರು. ನಾರಪ್ಪನನ್ನು ಕರೆದುಕೊಂಡು ಮಣಿಯಗಾರನ ಮನೆಗೆ ಹೋದೆ. ಬೀದಿಯಲ್ಲೇ ನಿಂತೆವು. ಅವನು ಒಳ್ಳೆಯ ಮಾತಿನಲ್ಲೇ ಮಾತಾಡಿದ. ಜಾಮೀನಿಗೆ ತಾನೂ ನಿಲ್ಲುತ್ತೇನೆ, ಇನ್ನೊಬ್ಬನನ್ನೂ ನಿಲ್ಲಿಸುತ್ತೇನೆ, ಕಾಗದವೂ ಬರೆದುಕೊಡುತ್ತೇನೆ. ಬಂಡಿ, ಎತ್ತು ತನ್ನ ಕೊಟ್ಟಿಗೆಯಲ್ಲಿ ಇರಬೇಕು, ಅಷ್ಟೇ. ಅವನಿಗೆ ಕೆಲಸವಿಲ್ಲದ ದಿನ ನಾನು ಕೇಳಿ ತೆಗೆದುಕೊಂಡು ಹೋಗಬಹುದು.

"ಲೇ ಸೊಣ್ಣಿ, ನಿನ್ನಂಥೋಳ್ಗೆ ಬಂಡಿ ಯಾಕ್ಲೇ? ಬಂಡಿ ಬಂದ್ಮ್ಯಾಕೇ ನಿನ್ ಗಂಡ ಕೆಟ್ಟಿದ್ದು," ಅಂದ.

ಮಾದಪ್ಪ ಕುಡಿದದ್ದು ಯಾರ ತೋಪಿನ ಕಳ್ಳು ಎಂದು ಅವನಿಗೂ ಗೊತ್ತು, ನನಗೂ ಗೊತ್ತು. ನಾರಪ್ಪ ನನ್ನ ಕಡೆ ನೋಡಿದ. ಒಪ್ಪಿಕೊಳ್ಳಲಿ ಎಂದು ಅವನ ಮುಖ ಹೇಳುತ್ತಿತ್ತು. ನಾನು ಒಪ್ಪಲಿಲ್ಲ.

"ಬ್ಯಾಡ ಸಾಮಿ. ನಿಮ್ ಕೊಟ್ಟಿಗೇಲಿ ಇರೋದ್ಕಿಂತ ಪೋಲೀಸ್ನೋರ ಅಂಗಳದಾಗೇ ಇರ್ಲಿ."

ಅವತ್ತು ಹೂಂ ಅಂದಿದ್ದರೆ ಬೂದ ಬದುಕುತ್ತಿದ್ದ. ಈಗಲೂ ಈ ಒಂದು ಮಾತು ನನ್ನನ್ನು ಸುಮ್ಮನೆ ಬಿಡುವುದಿಲ್ಲ.

ಠಾಣೆ ನಮ್ಮ ಹಟ್ಟಿಗೆ ಐದು ಮೈಲಿ. ದಿನವೂ ಹುಲ್ಲಿನ ಹೊರೆ ಹೊತ್ತುಕೊಂಡು ಹೋದೆ. ಎತ್ತುಗಳಿಗೆ ಮೇವು ಹಾಕುವುದು ಸರ್ಕಾರದ ಕೆಲಸವಲ್ಲ ಎಂದಿದ್ದರು. ಅಂಗಳದಲ್ಲಿ ಒಂದು ಬಾವಿ ಇತ್ತು, ಅದನ್ನು ನಾನು ಮುಟ್ಟುವ ಹಾಗಿರಲಿಲ್ಲ. ಸೇದಿ ಹಾಕಿ ಎಂದು ಬೇಡಿಕೊಂಡರೆ ಒಬ್ಬ ಕಾನ್‌ಸ್ಟೇಬಲ್ಲು ಒಮ್ಮೊಮ್ಮೆ ಒಂದು ಕೊಡ ಸುರಿಯುತ್ತಿದ್ದ, ಒಮ್ಮೊಮ್ಮೆ ಇಲ್ಲ. ಒಂದು ಎತ್ತಿಗೆ ದಿನಕ್ಕೆ ಎಷ್ಟು ನೀರು ಬೇಕು, ಸಾಕಿದವರನ್ನು ಕೇಳಿ. ಅರ್ಧ ಮೈಲಿ ಆಚೆ ಹಳ್ಳದ ಮಡುವಿನಿಂದ ತಲೆಯ ಮೇಲೆ ಒಂದು, ಕಂಕುಳಲ್ಲಿ ಒಂದು ಕೊಡ. ಹೋಗು, ಬಾ. ಹೋಗು, ಬಾ. ಎರಡು ಎತ್ತು ಕುಡಿದು ಮುಗಿಸುವಷ್ಟರಲ್ಲಿ ಹೊತ್ತು ನೆತ್ತಿಗೆ ಬರುತ್ತಿತ್ತು. ನೆರಳಿಗೆ ಕಟ್ಟಿ ಎಂದರೆ, ನೆರಳಲ್ಲಿ ಸೈಕಲ್ಲುಗಳಿವೆ ಎಂದರು.

ನಡುವೆ ಎರಡು ದಿನ ನನಗೆ ಜ್ವರ. ನಾರಪ್ಪ ಕೂಲಿಗೆ ಹೋಗಿದ್ದ. ಮೂರನೆಯ ದಿನ ಹೋದರೆ ಬೂದ ಮಲಗಿದ್ದ, ಕತ್ತು ಚಾಚಿಕೊಂಡಿದ್ದ. ನೊಣಗಳು ಮುತ್ತಿದ್ದವು. ಕರಿಯ ಮಾತ್ರ, ಹಗ್ಗ ಎಷ್ಟು ಉದ್ದವೋ ಅಷ್ಟೂ ದೂರ ಸರಿದು ನಿಂತಿದ್ದ.

ಏಡು ಹೊರಗೆ ಬಂದು, ನೀನೇ ಬಂದದ್ದು ಒಳ್ಳೆಯದಾಯಿತು, ಇದು ನಿಮ್ಮ ಕೆಲಸ ತಾನೇ ಎಂದ. ಸತ್ತ ದನ ಹೊರುವುದು, ಸುಲಿಯುವುದು ನಮ್ಮ ಕೆಲಸ, ನಿಜ. ಸಾಗಿಸಿಕೊಂಡು ಹೋಗುತ್ತೇನೆ ಎಂದೆ. ಆಗ ಅವನು ತಡೆದ. ಎತ್ತು ಕೇಸಿನ ಸೊತ್ತು. ಕೇಸಿನ ಸೊತ್ತು ಠಾಣೆ ಬಿಟ್ಟು ಹೋಗಬಾರದು. ಚರ್ಮ ಸುಲಿದು ಇಲ್ಲಿಡು, ಮಿಕ್ಕಿದ್ದು ತೆಗೆದುಕೊಂಡು ಹೋಗು.

ಹೀಗಾಗಿ ಬೂದನನ್ನು ನಾನೇ ಸುಲಿದೆ, ಠಾಣೆಯ ಅಂಗಳದಲ್ಲಿ, ಹಗಲು ಹೊತ್ತಿನಲ್ಲಿ, ಅವರೆಲ್ಲ ನೋಡುತ್ತಿರುವಾಗ. ಈ ಕೈಯಲ್ಲಿ ನೂರಾರು ದನದ ಚರ್ಮ ಬಿಚ್ಚಿದ್ದೇನೆ. ಅವತ್ತು ಕುತ್ತಿಗೆಯ ಹತ್ತಿರ ಬಂದಾಗ ಕತ್ತಿ ಓಡಲಿಲ್ಲ. ಅಲ್ಲಿ ದಪ್ಪ ಕಟ್ಟಿದ ಚರ್ಮ, ನನ್ನ ಭುಜದ ಮೇಲೆ ಇರುವಂಥದ್ದೇ. ಕಣ್ಣಲ್ಲಿ ನೀರು ಬಂತು. ಒರೆಸಿಕೊಳ್ಳಲು ಕೈಯೆಲ್ಲ ರಕ್ತ.

ಉಪ್ಪು ಹಾಕದಿದ್ದರೆ ಕೊಳೆತುಹೋಗುತ್ತದೆ, ಒಂದು ಮಡಕೆ ಉಪ್ಪು ತರುತ್ತೇನೆ, ಉಜ್ಜಿ ಇಡುತ್ತೇನೆ ಎಂದೆ. ಕೇಸಿನ ಸೊತ್ತಿಗೆ ಕೈ ಹಾಕಬೇಡ ಎಂದ ಏಡು.

ಮೊರಪ್ಪೂರು ಸ್ಟೇಷನ್ನಿನಲ್ಲಿ ಮೂಟೆ ಹೊರುವ ಗೋವಿಂದನ್ ಎಂಬವನು ನಾರಪ್ಪನಿಗೆ ಸೇಲಂನ ವಕೀಲನೊಬ್ಬನ ಹೆಸರು ಹೇಳಿದ. ಅರುಣಾಚಲಂ ಎಂದು. ನೇಕಾರರ ಮನೆಯ ಮಗ, ಮನೆಯಲ್ಲಿ ಕನ್ನಡ ಮಾತಾಡುತ್ತಾನೆ, ಬಡವರ ಕಾಗದ ಓದುತ್ತಾನೆ ಎಂದ. ನಾನೂ ನಾರಪ್ಪನೂ ರೈಲು ಹತ್ತಿ ಹೋದೆವು. ವಕೀಲನ ಮನೆಯ ಮುಂದಿನ ಕೋಣೆಯಲ್ಲಿ ಮಗ್ಗದ ಸದ್ದು. ಅವನು ನಮ್ಮನ್ನು ಜಗಲಿಯ ಮೇಲೆ ಕೂರಿಸಿದ. ಒಳಗೆ ಕರೆಯಲಿಲ್ಲ, ಹೊರಗೂ ನಿಲ್ಲಿಸಲಿಲ್ಲ. ಅವನ ತಾಯಿ ಚೆಲ್ಲಮ್ಮ ದೂರದಿಂದಲೇ ಮಜ್ಜಿಗೆ ಹೊಯ್ದಳು. ವಕೀಲ ಎಲ್ಲ ಕೇಳಿದ, ಭುಜದ ಹುಣ್ಣಿನ ಸಂಗತಿಯನ್ನೂ ಕೇಳಿದ. ಬಂಡಿಯನ್ನು ನಾವೇ ಯಾಕೆ ಎಳೆಯುತ್ತೇವೆ ಎಂದು ಹೇಳಿದಾಗ ಬರೆಯುತ್ತಿದ್ದ ಕೈ ನಿಲ್ಲಿಸಿ ಮಗ್ಗದ ಕಡೆ ನೋಡಿದ. ಅರ್ಜಿ ಹಾಕೋಣ ಎಂದ.

ವಿಚಾರಣೆಯ ದಿನ ದೊಡ್ಡ ಕೋರ್ಟಿನ ಬಾಗಿಲಲ್ಲಿ ಜವಾನ ನನ್ನನ್ನು ತಡೆದು ಅಲ್ಲೇ ನಿಲ್ಲು ಎಂದ. ತೊಗಟೆಯ ವಾಸನೆ ಮೈಗೆ ಹತ್ತಿದೆ ಎಂದ. ಹತ್ತಿರಬಹುದು, ನನಗೆ ಗೊತ್ತಾಗುವುದಿಲ್ಲ. ಒಳಗೆ ಎಲ್ಲ ಇಂಗ್ಲಿಷು. ಸರ್ಕಾರದ ಕಡೆಯವನು ಒಂದಷ್ಟು ಹೇಳಿದ, ನಮ್ಮವನು ಒಂದಷ್ಟು ಹೇಳಿದ. ನನ್ನ ಹೆಸರು ಎರಡು ಸಲ ಬಂತು. ಜಡ್ಜು ಒಮ್ಮೆ ಕನ್ನಡಕದ ಮೇಲಿಂದ ಬಾಗಿಲ ಕಡೆ ನೋಡಿದರು. ನಾನು ಕೈಮುಗಿದೆ.

ಮಧ್ಯಾಹ್ನದ ಊಟಕ್ಕೆ ಎದ್ದಾಗ ವಕೀಲ ಬೇವಿನಮರದ ಕೆಳಗೆ ಬಂದು ನಡೆದದ್ದನ್ನು ಬಿಡಿಸಿ ಹೇಳಿದ. ಈ ಹೆಂಗಸಿನ ಕೇರಿಯಲ್ಲಿ ಪಟ್ಟಾ ಇರುವವರು ಎಷ್ಟು ಜನ ಎಂದು ಜಡ್ಜು ಕೇಳಿದರಂತೆ. ಒಬ್ಬರೂ ಇಲ್ಲ ಎಂದು ಸರ್ಕಾರದ ಕಡೆಯವನು ಒಪ್ಪಿಕೊಂಡನಂತೆ. ಹಾಗಾದರೆ ಯಾರೂ ಪೂರೈಸಲಾರದ ಷರತ್ತು ಹಾಕಿ ಬಂಡಿ ಬಿಡುತ್ತೇವೆ ಅನ್ನುವುದು ಬಿಡದೇ ಇದ್ದ ಹಾಗೆ, ಅಷ್ಟರಲ್ಲಿ ಒಂದು ಎತ್ತು ಸತ್ತೂ ಹೋಗಿದೆ ಎಂದರಂತೆ. ಪಟ್ಟಾದ ಜಾಮೀನು ಬೇಡ, ಮಣಿಯಗಾರನ ಕಾಗದವೂ ಬೇಡ. ನನ್ನ ಹೆಬ್ಬೆಟ್ಟು, ನಾರಪ್ಪನ ಹೆಬ್ಬೆಟ್ಟು ಸಾಕು.

"ಮೂರ್ನೇದು ಒಂದು ಉಳ್ದೈತೆ. ಸೋಮಾರ ಸೋಮಾರ ಮಣಿಯಗಾರನ ಮನೆ ತಾವ ಓಗೋದು. ಊಟ ಆದ್ಮ್ಯಾಲೆ ಅದ್ನೂ ಕೇಳ್ತೀನಿ, ತೆಗ್ದಾಕ್ತಾರೆ," ಅಂದ ವಕೀಲ.

ನಾರಪ್ಪ ಆಗಲೇ ಕೈಮುಗಿದಿದ್ದ. ನಾನು ತಡೆದೆ.

"ಅದ್ರಾಗೆ ಏನಂತ ಬರ್ದೈತೆ ಸಾಮಿ? ಪೂರಾ ಓದಿ."

ಅವನು ಕಾಗದ ತೆಗೆದು ಓದಿ ಕನ್ನಡದಲ್ಲಿ ಹೇಳಿದ. ಒಡತಿ ತಾನೇ, ಎತ್ತು ಕಟ್ಟಿದ ಬಂಡಿಯನ್ನು ಹೊಡೆದುಕೊಂಡು ಬಂದು, ಮಣಿಯಗಾರನ ಮನೆಯ ಮುಂದೆ ನಿಲ್ಲಿಸಬೇಕು.

"ಉಣಸೇಮರದ ತಾವ ಬಿಚ್ಬಿಟ್ಟು ಎಳ್ಕೊಂಡು ಓದ್ರೆ?"

"ಬಿಚ್ಚಿದ್ರೆ ಷರತ್ತು ಮುರ್ದಂಗೇ. ಬಂಡಿ ತಿರುಗಾ ಠಾಣೆಗೆ ಓಯ್ತದೆ."

"ಅಂಗಾದ್ರೆ ಅದ್ನ ತೆಗೆಸ್ಬ್ಯಾಡಿ ಸಾಮಿ. ಅದೊಂದು ಇರ್ಲಿ."

ವಕೀಲ ನನ್ನ ಮುಖ ನೋಡಿದ. ಊರಿನ ಕಟ್ಟಳೆಗಿಂತ ಕೋರ್ಟಿನ ಷರತ್ತು ದೊಡ್ಡದು ಎಂದು ಅವನಿಗೂ ಹೊಳೆಯಿತು. ಹುಷಾರಾಗಿರಮ್ಮ ಎಂದಷ್ಟೇ ಹೇಳಿದ. ಆರ್ಡರನ್ನು ತಮಿಳಿನಲ್ಲೂ ಬರೆಸಿ, ಮೊಹರು ಹಾಕಿಸಿ ಕೊಟ್ಟ. ರೈಲಿನಲ್ಲಿ ಮೊರಪ್ಪೂರಿನ ತನಕ ನಾರಪ್ಪ ಒಂದೇ ಮಾತು ಹೇಳುತ್ತಿದ್ದ. "ಸಾಯಿಸ್ಬಿಡ್ತಾರೆ ಅತ್ತಿಗೆ."

ಠಾಣೆಯಲ್ಲಿ ಪಟ್ಟಿ ಓದಿ ಹೆಬ್ಬೆಟ್ಟು ಒತ್ತಿಸಿಕೊಂಡರು. ಬಂಡಿ ಒಂದು. ಎತ್ತು ಒಂದು. ಚರ್ಮ ಒಂದು. ಚರ್ಮ ಮೂಲೆಯಲ್ಲಿ ಮುದ್ದೆಯಾಗಿ ಬಿದ್ದಿತ್ತು, ಹುಳ ಬಿದ್ದು ಕೈಗೆ ಜಾರುತ್ತಿತ್ತು. ಬೂದನ ಜಾಗಕ್ಕೆ ನಾರಪ್ಪ ಹೆಗಲು ಕೊಟ್ಟ, ಊರಬೀದಿಯಲ್ಲಿ ಎಂದಿನ ಹಾಗೆ ನಾವಿಬ್ಬರೇ ಎಳೆದು ಬಂಡಿಯನ್ನು ಹಟ್ಟಿಗೆ ತಂದೆವು. ನಮ್ಮವರು ಚರ್ಮವನ್ನು ಎಂದೂ ಹೂಳುವುದಿಲ್ಲ, ಅದು ನಮ್ಮ ಅನ್ನ. ನಾನು ಹೂಳಿದೆ. ಹಳ್ಳದ ದಂಡೆಯಲ್ಲಿ ಗುಂಡಿ ತೋಡಿ ಬೂದನನ್ನು ಹೂಳಿ ಕೈ ತೊಳೆದುಕೊಂಡೆ.

ಮೊದಲ ಸೋಮವಾರ ಬಂತು. ನೊಗದ ಒಂದು ಕಡೆ ಕರಿಯ, ಇನ್ನೊಂದು ಕಡೆ ಖಾಲಿ. ಚಿನ್ನಕ್ಕ ತನ್ನ ಗೊಡ್ಡು ಹಸುವನ್ನು ತಂದು ಕಟ್ಟಿದಳು. ಒಂದು ವಾರ ಸುಲಿದ ತೊಗಟೆಯನ್ನು ಹೇರಿದೆವು. ಹುಣಸೆಮರದ ಕೆಳಗೆ ಕರಿಯ ತಾನಾಗಿಯೇ ನಿಂತ. ಪಾಪ, ಅವನಿಗೂ ರೂಢಿ. ಬಿಚ್ಚುತ್ತಾರೆ ಎಂದು ಕಾಯುತ್ತಿದ್ದ. ಗಾಲಿಗೆ ಕಾಲು ಕೊಟ್ಟು ಬಂಡಿ ಹತ್ತಿ, ಹೊಡೆಯುವವರು ಕೂರುವ ಮೂಕಿಯ ಮೇಲೆ ಕೂತೆ. ನಾರಪ್ಪ ಕಾಗದ ಹಿಡಿದು ಹಿಂದೆ ನಡೆದ. ಹೋಯ್ ಎಂದೆ.

ಬೀದಿ ಇಷ್ಟು ಚಿಕ್ಕದು ಎಂದು ನನಗೆ ಗೊತ್ತಿರಲಿಲ್ಲ. ಹದಿನಾರು ವರ್ಷ ನೆಲ ನೋಡಿಕೊಂಡು ಎಳೆದಿದ್ದೆ. ಜಗಲಿಗಳ ಮೇಲೆ ಏನಿದೆ, ಬಾಗಿಲುಗಳಿಗೆ ಯಾವ ಬಣ್ಣ, ಅವತ್ತು ನೋಡಿದೆ. ಹೆಂಗಸರು ಹೊರಗೆ ಬಂದು ನಿಂತರು. ಗಂಡಸರು ಬಂಡಿಯ ಪಕ್ಕದಲ್ಲಿ ಬೈದುಕೊಂಡು ಬಂದರು. ಹಸುವಿಗೆ ನೊಗ ಇಟ್ಟಿದ್ದಾಳೆ ಪಾಪಿ ಎಂದು ಒಬ್ಬ ಮುದುಕ ಉಗಿದ. ನನ್ನ ಭುಜದ ಮೇಲೆ ಅದೇ ನೊಗವಿದ್ದಾಗ ಅವನು ಇದೇ ಜಗಲಿಯ ಮೇಲೆ ಕೂತಿದ್ದ. ಅವತ್ತು ಪಾಪದ ನೆನಪಾಗಿರಲಿಲ್ಲ.

ಮಣಿಯಗಾರನ ಮನೆಯ ಮುಂದಿನ ಏರಿನಲ್ಲಿ ಬಂಡಿ ನಿಲ್ಲಿಸಿದೆ. ಅವನು ಎದ್ದು ನಿಂತ. ಇಳಿ ಎಂದ. ಮರದ ತನಕ ಹಿಂದೆ ಹೋಗಿ, ಬಿಚ್ಚಿ, ಎಳೆದುಕೊಂಡು ಬಂದರೆ ಸಹಿ ಹಾಕುತ್ತೇನೆ, ಇಲ್ಲದಿದ್ದರೆ ಇಲ್ಲ ಎಂದ. ನಾರಪ್ಪ ಕಾಗದವನ್ನು ಜಗಲಿಯ ಅಂಚಿನಲ್ಲಿಟ್ಟು ಹಿಂದೆ ಸರಿದ.

"ಕಟ್ಟಿದ ಬಂಡೀನೇ ತರ್ಬೇಕು ಅಂತ ಕೋರ್ಟು ಏಳೈತೆ ಸಾಮಿ. ನೀವೇ ಬರೆಸಿದ್ದು. ನೀವು ಸೈನ್ ಆಕೋಗಂಟ ನಾನು ಇಲ್ಲೇ ಕುಂತಿರ್ತೀನಿ," ಎಂದೆ.

ಅವನು ಓದಿದ. ಎರಡು ಸಲ ಓದಿದ. ಹರಿದುಹಾಕಲು ಕೈ ಬಂದದ್ದನ್ನು ನಾನು ಕಂಡೆ. ಕೆಂಪು ಮೊಹರು ನೋಡಿ ಕೈ ನಿಂತಿತು. ಒಳಗೆ ಹೋದ. ನಾನು ಕೂತೆ. ಬಿಸಿಲು ಏರಿತು. ಬಂಡಿ ಅವನ ಬಾಗಿಲಿಗೆ ಅಡ್ಡ ನಿಂತಿತ್ತು. ಕರಿಯ ರಂಗೋಲಿಯ ಮೇಲೆ ಸಗಣಿ ಹಾಕಿದ. ನೀರಿಗೆ ಹೋಗಬೇಕಾದ ಅವನ ತಾಯಿ ವಳ್ಳಿಯಮ್ಮ ಕೊಡ ಹಿಡಿದು ಬಾಗಿಲಲ್ಲೇ ನಿಂತಳು, ನಮ್ಮನ್ನು ದಾಟಿದರೆ ಮೈಲಿಗೆ. ಕೊನೆಗೆ ಅವಳೇ ಒಳಗೆ ತಿರುಗಿ, ಅದೇನು ಸೈನೋ ಹಾಕಿ ಕಳಿಸಿಬಿಡಪ್ಪ ಎಂದು ಕೂಗಿದಳು. ಮುತ್ತುಸ್ವಾಮಿ ಬಂದು ಸಹಿ ಹಾಕಿ ಕಾಗದವನ್ನು ಬೀದಿಗೆ ಎಸೆದ. ನಾರಪ್ಪ ಆರಿಸಿಕೊಂಡ. ಬಂಡಿ ತಿರುಗಿಸುವಷ್ಟು ಅಗಲ ಬೀದಿಗೆ ಇಲ್ಲ. ಮುಂದಕ್ಕೇ ಹೊಡೆದೆ, ಬೀದಿಯ ಕೊನೆಯ ತನಕ.

ಸೋಮವಾರ ಬಿಟ್ಟು ಬೇರೆ ದಿನ ನಾನು ಬಂಡಿ ಕಟ್ಟಲಿಲ್ಲ. ಬೇರೆ ದಿನಕ್ಕೆ ಕಾಗದ ಇರಲಿಲ್ಲ. ವಾರದ ತೊಗಟೆಯನ್ನೆಲ್ಲ ಸೋಮವಾರವೇ ಸಾಗಿಸಿ, ಅದೇ ಕಾಗದ ತೋರಿಸಿ ಬೀದಿಯಲ್ಲಿ ಕೂತೇ ಹಿಂದಕ್ಕೆ ಬಂದೆ. ಬೀದಿಯಲ್ಲಿ ಮುಳ್ಳು ಹಾಕಿದರು, ನಾರಪ್ಪ ಗುಡಿಸಿದ. ಮೇಲಿನಿಂದ ಕೊಳಕು ನೀರು ಸುರಿದರು. ಹಟ್ಟಿಯವರಿಗೆ ಹೊಲದ ಕೆಲಸ ಕೊಡುವುದನ್ನು ನಿಲ್ಲಿಸಿದರು. ಆಗ ಹಟ್ಟಿಯವರೇ ನನ್ನ ಬಾಗಿಲಿಗೆ ಬಂದು, ನಿನ್ನ ಸವಾರಿಗೆ ನಮ್ಮ ಒಲೆ ಆರಿತು ಎಂದು ಬೈದರು. ಅವರದೇನು ಸುಳ್ಳಲ್ಲ. ಆದರೆ ಸೋಮವಾರ ಬಂದರೆ ಅವರಲ್ಲೇ ನಾಲ್ಕಾರು ಹೆಂಗಸರು ಹುಣಸೆಮರದ ತನಕ ಬಂದು, ನಾನು ಹತ್ತುವುದನ್ನು ನೋಡಿ ಹೋಗುತ್ತಿದ್ದರು.

ಹೀಗೆ ಹನ್ನೊಂದು ಸೋಮವಾರ. ಭುಜದ ಹುಣ್ಣು ಮಾಗಿತು. ಹೊಸ ಚರ್ಮ ಬಂತು, ಮೆತ್ತಗೆ. ಮದ್ದು ಹಚ್ಚುವುದನ್ನೂ ಬಿಟ್ಟೆ.

ಆಮೇಲೆ ಮದರಾಸಿನಿಂದ ವರದಿ ಬಂತು. ಸೀಸೆಯಲ್ಲಿದ್ದದ್ದು ತೊಗಟೆಯ ನೀರು, ಬೆಲ್ಲವಿಲ್ಲ, ಸಾರಾಯಿಯ ಅಂಶವಿಲ್ಲ. ಕೇಸು ವಜಾ. ಬಂಡಿಯ ಮೇಲಿದ್ದ ಎಲ್ಲ ಷರತ್ತೂ ರದ್ದು, ಇನ್ನು ನೀನು ಯಾರಿಗೂ ತೋರಿಸಬೇಕಾಗಿಲ್ಲ ಎಂದು ಕೆಳಗಿನ ಕೋರ್ಟಿನ ಗುಮಾಸ್ತ ಹೇಳಿ ಹಳೆಯ ಕಾಗದ ಇಸಿದುಕೊಂಡ. ನಾರಪ್ಪ ಅಲ್ಲೇ ನೆಲಕ್ಕೆ ಬಿದ್ದು ನಮಸ್ಕಾರ ಮಾಡಿದ. ನನಗೆ ಮಾತ್ರ, ಇನ್ನು ಸೋಮವಾರಕ್ಕೂ ಕಾಗದ ಇಲ್ಲ ಎಂದು ಅಳು ಬಂತು. ಕೇಸು ಗೆದ್ದು ಅಳುವವಳನ್ನು ಆ ಗುಮಾಸ್ತ ಹಿಂದೆ ನೋಡಿರಲಿಕ್ಕಿಲ್ಲ.

ಸುದ್ದಿ ನನಗಿಂತ ಮೊದಲು ಊರಿಗೆ ಹೋಗಿತ್ತು. ಮುಂದಿನ ಸೋಮವಾರ ಹುಣಸೆಮರದ ಕೆಳಗೆ ಮುತ್ತುಸ್ವಾಮಿ ನಿಂತಿದ್ದ. ಜೊತೆಗೆ ಆರು ಜನ. ಕೈಯಲ್ಲಿ ದೊಣ್ಣೆ. ಹಟ್ಟಿಯ ಹೆಂಗಸರು ಹಳ್ಳದ ಹತ್ತಿರವೇ ನಿಂತುಬಿಟ್ಟರು. ಮರದ ಕೆಳಗೆ ಬಂದು ಬಂಡಿ ನಿಂತಿತು.

"ಕೋರ್ಟು ಷರತ್ತು ಮುಗೀತಲ್ಲ ಸೊಣ್ಣಿ," ಅಂದ ಮುತ್ತುಸ್ವಾಮಿ, ಮೆಲ್ಲಗೆ. "ಈವಾಗ ಕಾಗ್ದ ಎಲ್ಲೈತೆ? ಇಳಿ. ಬಿಚ್ಚು."

ನಾರಪ್ಪ ಕರಿಯನ ಹತ್ತಿರ ಹೋದ. ಬಿಚ್ಚಲು ಕೈ ಹಾಕಿದ. ಅವನನ್ನು ಬೈಯುವುದಿಲ್ಲ. ಅವನಿಗೂ ಹೆದರಿಕೆ, ನನಗೂ ಹೆದರಿಕೆ. ಭುಜ ಮುಟ್ಟಿ ನೋಡಿಕೊಂಡೆ. ಸೆರಗಿನ ಕೆಳಗೆ ಹೊಸ ಚರ್ಮ. ಬೂದನ ಕುತ್ತಿಗೆ ನೆನಪಿಗೆ ಬಂತು.

"ನಾರಪ್ಪ, ಕೈ ತೆಗಿ."

ಅವನು ತೆಗೆದ.

"ಕಾಗ್ದ ಇಲ್ಲ ಸಾಮಿ. ಬಂಡಿ ನಂದು," ಎಂದೆ.

ಹೋಯ್ ಎಂದೆ. ಕರಿಯ ಒಂದು ಗಳಿಗೆ ನಿಂತ, ಆಮೇಲೆ ಕಾಲು ಕಿತ್ತ. ಹಸುವೂ ಎಳೆಯಿತು. ಮೊದಲ ಕಲ್ಲು ಗಾಲಿಗೆ ಬಿತ್ತು. ಎರಡನೆಯದು ನನ್ನ ಬೆನ್ನಿಗೆ. ಹಳ್ಳದ ಕಡೆಯಿಂದ ಚಿನ್ನಕ್ಕ ಕೂಗುತ್ತ ಓಡಿಬರುವುದು ಕೇಳಿಸಿತು, ಅವಳ ಹಿಂದೆ ಇನ್ನೂ ಕೆಲವರ ಕಾಲಿನ ಸದ್ದು. ಮೂರನೆಯದು ಬಿದ್ದದ್ದು ಭುಜಕ್ಕೆ, ಮಾಗಿದ ಜಾಗಕ್ಕೇ. ರಕ್ತ ಕುಪ್ಪಸದೊಳಗೆ ಇಳಿಯಿತು. ಮುನ್ನೂರ ಹನ್ನೆರಡು ಹೆಜ್ಜೆ. ನಾನು ಇಳಿಯಲಿಲ್ಲ.